ಅಜ್ಜನ ಕಾಲದ ಹೊಸ ಹಾಸಿಗೆ

ಬಾಸ್ಟನ್ನಿನ ಪೆವರ್ಲಿ ಬ್ಯಾಂಕಿನ ಯಜಮಾನ ಲೆಮ್ಯುಯೆಲ್ ಪೆವರ್ಲಿ ಮನಸ್ಸು ಮಾಡಿದರೆ ಒಂದು ರೈಲು ಕಂಪನಿಯನ್ನೇ ಕೊಳ್ಳಬಲ್ಲವನಾಗಿದ್ದ. ಒಮ್ಮೆ ಕೊಂಡೂ ಇದ್ದ, ಅದೂ ಮಧ್ಯಾಹ್ನದ ಊಟಕ್ಕೆ ಮುಂಚೆ. ಆದರೆ ಅರವತ್ತು ದಾಟಿದರೂ ಒಂದು ಹಾಸಿಗೆ ಕೊಳ್ಳುವ ಧೈರ್ಯ ಅವನಿಗೆ ಬಂದಿರಲಿಲ್ಲ.

ಇದಕ್ಕೆ ನಗುವವರು ಹಳೆಯ ದುಡ್ಡಿನವರ ನಡುವೆ ಒಂದು ಚಳಿಗಾಲವನ್ನೂ ಕಳೆದವರಲ್ಲ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು ಎನ್ನುವ ಜನ ಎಲ್ಲ ಊರಿನಲ್ಲೂ ಇದ್ದಾರೆ. ಪೆವರ್ಲಿಗಳದು ಅದರ ತಿರುವುಮುರುವು. ಕಣಜ ತುಂಬಿ ತುಳುಕುತ್ತಿದ್ದರೂ ಜುಟ್ಟಿನಲ್ಲಿ ಒಂದು ಎಸಳು ಕಂಡರೆ ಸಾಕು, ಮನೆತನದ ಮಾನ ಹೋಯಿತು. ಕೊಳ್ಳುವುದು ನಿನ್ನೆ ಮೊನ್ನೆ ದುಡ್ಡು ಕಂಡವರ ಚಾಳಿ. ಮರ್ಯಾದಸ್ಥರ ಮನೆಯಲ್ಲಿ ವಸ್ತುಗಳು ಇರುತ್ತವೆ, ಅಷ್ಟೆ. ಎಲ್ಲಿಂದ ಬಂದವು ಎಂದು ಕೇಳಿದರೆ 'ಅಜ್ಜನದು' ಎಂಬ ಒಂದೇ ಉತ್ತರ. ಲೆಮ್ಯುಯೆಲ್ ಬ್ಯಾಂಕಿಗೆ ತೊಟ್ಟು ಹೋಗುತ್ತಿದ್ದ ಕೋಟು ಅವನ ಅಪ್ಪನದು. ಅದರ ಮೊಣಕೈಗೆ ಹಾಕಿದ ತೇಪೆ ಅಜ್ಜನ ಕೋಟಿನದು. ಮಳೆ ಬಂದಾಗ ಅವನು ಹಿಡಿಯುತ್ತಿದ್ದ ಕೊಡೆಯಲ್ಲಿ ಆಕಾಶ ಚೆನ್ನಾಗಿ ಕಾಣುತ್ತಿತ್ತು.

ಈ ನೇಮಕ್ಕೆ ಕಾವಲುಗಾರ್ತಿ ಅವನ ಸೋದರತ್ತೆ ಮೆಹಿಟಬೆಲ್. ತೊಂಬತ್ತು ದಾಟಿದ ಮುದುಕಿ, ಒಣಗಿದ ಮೀನಿನ ಹಾಗೆ ಸಣಕಲಿ, ಮದುವೆ ಎಂಬ ಖರ್ಚಿಗೆ ಕೈ ಹಾಕಿದವಳಲ್ಲ. ಅಜ್ಜ ಜೊಸಾಯ ಪೆವರ್ಲಿಯ ಮಕ್ಕಳಲ್ಲಿ ಉಳಿದಿದ್ದವಳು ಅವಳೊಬ್ಬಳೇ. ಬ್ಯಾಂಕಿನ ಅರ್ಧ ಪಾಲು ಅವಳ ಹೆಸರಿನಲ್ಲಿತ್ತು, ಉಳಿದರ್ಧ ಅವಳ ಹುಬ್ಬಿನ ಅಪ್ಪಣೆಯಲ್ಲಿತ್ತು. ಎಂಜಲು ಕೈಯಲ್ಲಿ ಕಾಗೆ ಓಡಿಸದವಳು ಎಂದರೆ ಕಡಿಮೆಯಾಯಿತು. ಕಾಗೆಯೇ ಏನಾದರೂ ಬಿಟ್ಟುಹೋದೀತೆಂದು ಕಾಯುವವಳು. ಲೆಮ್ಯುಯೆಲನ ಅಪ್ಪ ಊಟದ ಕೋಣೆಗೊಂದು ಹೊಸ ದೀಪ ತಂದನೆಂದು ತಮ್ಮನೆಂಬುದನ್ನೂ ನೋಡದೆ ಅವನು ಸಾಯುವ ತನಕ ಮಾತು ಬಿಟ್ಟಿದ್ದಳು. ಕೊನೆಗೆ ಅವನ ಶವಪೆಟ್ಟಿಗೆಯ ಪಕ್ಕ ನಿಂತು ಅವಳಾಡಿದ ಮೊದಲ ಮಾತು, "ಈ ಪೆಟ್ಟಿಗೆ ಹೊಸದಾ?"

ಜುಲೈ ಬಂತೆಂದರೆ ಇಡೀ ಮನೆತನ ಮೇನ್ ರಾಜ್ಯದ ಕರಾವಳಿಯಾಚೆ ಇರುವ ತಮ್ಮ ದ್ವೀಪಕ್ಕೆ ಹೊರಡಬೇಕು. ಇಪ್ಪತ್ತೆರಡು ಕೋಣೆಯ ಆ ಮನೆಯನ್ನು ಅವರು 'ಗುಡಿಸಲು' ಎನ್ನುತ್ತಾರೆ, ಒಳಗೆ ಹೋಗಿ ನೋಡಿದವರಿಗೆ ಆ ಮಾತು ಅಷ್ಟೇನೂ ಸುಳ್ಳೆನಿಸುವುದಿಲ್ಲ. ಸೂರು ಸೋರುವಲ್ಲೆಲ್ಲ ಒಂದೊಂದು ಪಾತ್ರೆ. ಯಾವ ತೂತಿಗೆ ಯಾವ ಪಾತ್ರೆ ಎಂಬುದು ತಲೆಮಾರುಗಳ ಹಿಂದೆಯೇ ನಿಶ್ಚಯವಾಗಿತ್ತು. ಸ್ನಾನಕ್ಕೆ ತಣ್ಣೀರು. ಬೆಳಗ್ಗೆ ಉಪ್ಪು ಹಾಕಲು ಮರೆತ ಓಟ್ಸ್ ಗಂಜಿ. ಇದನ್ನೆಲ್ಲ ಅವರು ವಿಶ್ರಾಂತಿ ಎನ್ನುತ್ತಿದ್ದರು.

ಇದ್ದದ್ದರಲ್ಲಿ ಘೋರವಾದದ್ದು ಲೆಮ್ಯುಯೆಲ್ ದಂಪತಿಗಳ ಹಾಸಿಗೆ. ಅದರೊಳಗಿದ್ದದ್ದು ಕುದುರೆ ಕೂದಲು. ಆ ಕುದುರೆಗಳು ಎಳೆದ ಬಂಡಿಗಳು ಕೂಡ ಮಣ್ಣಾಗಿ ಎಷ್ಟೋ ಕಾಲವಾಗಿತ್ತು. ತಲೆತಲಾಂತರದಿಂದ ಹಿರಿಯರು ಮಲಗೆದ್ದು ನಡುವೆ ಒಂದು ಹೊಂಡ ಬಿದ್ದಿತ್ತು. ಗಂಡ ಹೆಂಡತಿ ಎರಡು ಅಂಚಿನಲ್ಲಿ ಕೋಲಿನಂತೆ ಮಲಗಿದರೂ ಸ್ವಲ್ಪ ಹೊತ್ತಿಗೆ ಉರುಳಿ ಬಂದು ಹೊಂಡದಲ್ಲಿ ಹಣೆಗೆ ಹಣೆ ಬಡಿದುಕೊಳ್ಳುತ್ತಿದ್ದರು. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ಬುದ್ಧಿ ಹೇಳಿದವನು ಅದರ ಮೇಲೆ ಒಂದು ರಾತ್ರಿ ಮಲಗಿದ್ದರೆ ತನ್ನ ಗಾದೆಯನ್ನು ತಾನೇ ವಾಪಸು ತೆಗೆದುಕೊಳ್ಳುತ್ತಿದ್ದ.

ಲೆಮ್ಯುಯೆಲನ ಹೆಂಡತಿ ಆಗಸ್ಟಾ ಶಿಕಾಗೋದವಳು. ಅವಳಪ್ಪ ಡಬ್ಬಿಯಲ್ಲಿ ಮಾಂಸ ತುಂಬಿಸಿ ಮಾರಿ ಕೋಟ್ಯಧೀಶನಾದವನು, ಎಂದರೆ ತೀರಾ ಹೊಸ ದುಡ್ಡು. ಮದುವೆಯಾಗಿ ಮೂವತ್ತು ವರ್ಷವಾದರೂ ಮೆಹಿಟಬೆಲ್ ಅವಳನ್ನು ನೆಂಟರ ಮನೆಗೆ ಬಂದ ಅಪರಿಚಿತರ ಹಾಗೆ ನೋಡುತ್ತಿದ್ದಳು. ಆಗಸ್ಟಾ ಗಟ್ಟಿಗಿತ್ತಿ, ನಗುಮುಖದವಳು. ಗಂಜಿಯನ್ನು ಸಹಿಸಿದಳು, ತಣ್ಣೀರನ್ನು ಸಹಿಸಿದಳು. ಆದರೆ ಆ ವರ್ಷ, ಎರಡನೆಯ ಮಹಾಯುದ್ಧ ಮುಗಿದು ಏಳೆಂಟು ವರ್ಷವಾಗಿದ್ದ ಆ ಜುಲೈನಲ್ಲಿ, ದ್ವೀಪಕ್ಕೆ ಬಂದ ಮಾರನೆಯ ಬೆಳಗ್ಗೆಯೇ ಅವಳ ಸೊಂಟ ಹಿಡಿದುಕೊಂಡಿತು. ಮಂಚದಿಂದ ಹೇಗೋ ಇಳಿದಳು, ನೆಟ್ಟಗೆ ನಿಲ್ಲಲು ಮಾತ್ರ ಆಗಲಿಲ್ಲ. ನೆಲದ ಮೇಲೆ ಅಂಬೆಗಾಲಿನಲ್ಲಿದ್ದುಕೊಂಡೇ ಗಂಡನಿಗೆ ಹೇಳಿದಳು.

"ಲೆಮ್, ಶನಿವಾರದ ಟಪಾಲು ದೋಣೀಲಿ ನಾನು ಹೊರಟೆ."

"ಎಲ್ಲಿಗೆ?"

"ಶಿಕಾಗೋಗೆ, ನನ್ನ ತಂಗಿ ಮನೆಗೆ. ಅಲ್ಲಿ ಹಾಸಿಗೆ ಅಂತ ಒಂದು ಪದಾರ್ಥ ಇದೆ."

"ವಾಪಸ್ ಬರೋದು?"

"ಸೆಪ್ಟೆಂಬರಲ್ಲಿ ಬಾಸ್ಟನ್ನಿಗೆ ಬರ್ತೀನಿ. ಈ ದ್ವೀಪಕ್ಕೆ ಮಾತ್ರ ಇನ್ನು ಕಾಲಿಡಲ್ಲ. ಈ ವರ್ಷಾನೂ ಇಲ್ಲ, ಮುಂದೆ ಯಾವತ್ತೂ ಇಲ್ಲ. ನಿಮ್ಮಜ್ಜನ ಹೊಂಡದಲ್ಲಿ ನೀನೊಬ್ಬನೇ ಹಾಯಾಗಿ ಬಿದ್ಕೋ."

"ಮಧ್ಯೆ ಒಂದು ದಿಂಬು ಇಟ್ರೆ..."

"ಮೂವತ್ತು ವರ್ಷದಿಂದ ದಿಂಬು ಇಡ್ತಾನೇ ಇದೀವಲ್ಲ. ದಿಂಬೂ ಹೊಂಡಕ್ಕೇ ಬೀಳುತ್ತೆ. ಈಗ ನನ್ನನ್ನ ಎತ್ತು."

ಅವಳನ್ನು ಎತ್ತಿ ಕುರ್ಚಿಯಲ್ಲಿ ಕೂರಿಸಿ ಲೆಮ್ಯುಯೆಲ್ ಸಮುದ್ರದ ದಡಕ್ಕೆ ಹೋಗಿ ನಿಂತ. ಬಾಸ್ಟನ್ನಿನಲ್ಲಿ ಅವನಿಗೆ ಹೆಂಡತಿ ಸಿಗುತ್ತಿದ್ದದ್ದು ರಾತ್ರಿ ಊಟದ ಹೊತ್ತಿಗೆ, ಅದೂ ಮೇಜಿನ ಆ ತುದಿಯಲ್ಲಿ. ಹಗಲೆಲ್ಲ ಬ್ಯಾಂಕು, ಸಂಜೆ ಯಾವುದೋ ಸಮಿತಿ. ಅವಳು ಬೆಳಗಿನಿಂದ ಸಂಜೆಯ ತನಕ ಅವನವಳಾಗಿ ಇರುತ್ತಿದ್ದದ್ದು ಈ ಒಂದು ತಿಂಗಳು. ಬಂಡೆಗಳ ಮೇಲೆ ಇಬ್ಬರೂ ನಡೆಯುತ್ತಿದ್ದರು, ಬುಟ್ಟಿ ಹಿಡಿದು ಕಾಡು ಹಣ್ಣು ಆರಿಸುತ್ತಿದ್ದರು, ಅವನ ದೊಡ್ಡಪ್ಪನ ಮಗ ಫಿನಿಯಾಸ್ ಕೆಮ್ಮುವ ರೀತಿಯನ್ನು ಅವಳು ಅಣಕಿಸಿ ತೋರಿಸುತ್ತಿದ್ದಳು, ಇವನು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ಅವಳಿಲ್ಲದಿದ್ದರೆ ಉಳಿಯುವುದು ಫಿನಿಯಾಸನ ನಿಜವಾದ ಕೆಮ್ಮು. ಅದನ್ನು ನೆನೆದು ಲೆಮ್ಯುಯೆಲನಿಗೆ ಅಳು ಬಂತು. ಸುತ್ತ ಯಾರೂ ಇಲ್ಲವೆಂದು ನೋಡಿಕೊಂಡು ಒಂದಿಷ್ಟು ಅತ್ತ. ಆಮೇಲೆ ಹಾಸಿಗೆ ಕೊಳ್ಳುವುದೆಂದು ತೀರ್ಮಾನಿಸಿದ.

ಬುಧವಾರ ಅವನಿಗೆ ಹಲ್ಲುನೋವು ಬಂತು. ಆಚೆ ದಡದ ಊರಿಗೆ ಹೋಗಿ ಕೀಳಿಸಿಕೊಂಡು ಬರುತ್ತೇನೆಂದು ಅತ್ತೆಗೆ ಹೇಳಿದ.

"ಕಿತ್ತ ಹಲ್ಲನ್ನ ಅಲ್ಲೇ ಬಿಟ್ಟು ಬರಬೇಡ ಕಣೋ," ಎಂದಳು ಮೆಹಿಟಬೆಲ್. "ದುಡ್ಡು ಕೊಟ್ಟು ಕೀಳಿಸಿರ್ತೀಯ, ಮನೆಗೆ ತಗೊಂಡು ಬಾ."

ಲೆಮ್ಯುಯೆಲ್ ಅಂಗಡಿಯೊಂದರ ಒಳಗೆ ಗಿರಾಕಿಯಾಗಿ ಕಾಲಿಟ್ಟದ್ದು ಅದೇ ಮೊದಲು. ಅಂಗಡಿಗಳಿಗೆ ಸಾಲ ಕೊಟ್ಟಿದ್ದ, ಅಂಗಡಿಗಳನ್ನು ಮುಚ್ಚಿಸಿದ್ದ, ಆದರೆ ಕೊಳ್ಳಲೆಂದು ಹೋದವನಲ್ಲ. ಅಂಗಡಿಯವನು ಅವನ ಕೋಟು ನೋಡಿದ, ಸೊಂಟಕ್ಕೆ ಬೆಲ್ಟಿನ ಬದಲು ಕಟ್ಟಿದ ಹಗ್ಗ ನೋಡಿದ, ದನಿ ತಗ್ಗಿಸಿ ಹೇಳಿದ, "ಯಜಮಾನ್ರೆ, ಚರ್ಚಿನ ಹಿಂದುಗಡೆ ಶುಕ್ರವಾರ ಸೂಪು ಕೊಡ್ತಾರೆ."

"ಬಿಟ್ಟೀನಾ?" ಎಂದು ಲೆಮ್ಯುಯೆಲ್ ಆಸಕ್ತಿಯಿಂದ ಕೇಳಿದ. ಆಮೇಲೆ ಬಂದ ಕೆಲಸ ನೆನಪಾಗಿ, "ನನಗೆ ಹಾಸಿಗೆ ಬೇಕಿತ್ತು. ಇರೋದರಲ್ಲಿ ಒಳ್ಳೇದು."

ಅಂಗಡಿಯವನು ಅನುಮಾನದಿಂದಲೇ ಒಂದು ಸ್ಪ್ರಿಂಗ್ ಹಾಸಿಗೆ ತೋರಿಸಿ ಮಲಗಿ ನೋಡಲು ಹೇಳಿದ. ಲೆಮ್ಯುಯೆಲ್ ಬೂಟು ಬಿಚ್ಚಿ ಮಲಗಿದ. ಅದು ಅವನನ್ನು ಎಲ್ಲಿಗೂ ಉರುಳಿಸಲಿಲ್ಲ. ಇದ್ದಲ್ಲೇ ಇರು ಮಾರಾಯ ಎಂದು ಹಿಡಿದುಕೊಂಡಿತು. ಇಂಥದೊಂದು ಲೋಕದಲ್ಲಿದೆ, ಕೂಲಿಯವರು ಕೂಡ ಇದರ ಮೇಲೆ ಮಲಗುತ್ತಾರೆ ಎಂಬುದನ್ನು ಅವನಿಗೆ ನಂಬಲಾಗಲಿಲ್ಲ.

"ಇದೇ ಇರಲಿ," ಎಂದ. "ಆದರೆ ಇದರಲ್ಲೇ ಸ್ವಲ್ಪ ಹಳೇದು ಇದೆಯಾ?"

"ಹಳೇದು ಅಂದ್ರೆ, ಬಳಸಿದ್ದಾ?"

"ಅಲ್ಲ, ಹೊಸದೇ. ನೋಡೋಕೆ ಮಾತ್ರ ಒಂದು ಎಂಬತ್ತು ವರ್ಷದ್ದರ ಹಾಗೆ ಇರಬೇಕು."

ಅಂಗಡಿಯವನು ಅವನನ್ನು ಒಂದು ಗಳಿಗೆ ನೋಡಿ, ದುಡ್ಡನ್ನು ಮೊದಲು ತೆಗೆದುಕೊಂಡ.

ಹಾಸಿಗೆಯನ್ನು ದ್ವೀಪಕ್ಕೆ ಸಾಗಿಸಬೇಕಿತ್ತಲ್ಲ, ಅದಕ್ಕೆ ಸಿಕ್ಕವನು ಲಾಬ್‌ಸ್ಟರ್ ಹಿಡಿಯುವ ಬೆಸ್ತ ಏಸಾ ಡೈಯರ್. ಇಬ್ಬರೂ ಚಡ್ಡಿ ಹಾಕುತ್ತಿದ್ದ ಕಾಲದಿಂದ ಪರಿಚಯ. ಸುಳ್ಳು ಹೇಳಲು ಬಾರದವನೆಂದು ಏಸಾ ಆ ಕರಾವಳಿಯಲ್ಲೆಲ್ಲ ಹೆಸರಾಗಿದ್ದ, ಹಾಗಾಗಿ ಅವನು ಮಾತೇ ಆಡುತ್ತಿರಲಿಲ್ಲ. ಆ ದಿನ ಮಾತ್ರ ಬಾಯಿ ಬಿಟ್ಟ.

"ಏನಯ್ಯ ಇದು?"

"ಬ್ಯಾಂಕಿನ ಕಾಗದಪತ್ರ," ಎಂದ ಲೆಮ್ಯುಯೆಲ್.

ಏಸಾ ಬೆರಳಿನಿಂದ ಒತ್ತಿ ನೋಡಿದ. "ಮೆತ್ತಗಿದೆ."

"ಮಾರುಕಟ್ಟೆ ಮೆತ್ತಗಿದೆ ಕಣಯ್ಯ ಈಚೆಗೆ."

ದೇವರ ದಯೆಯಿಂದ ಮಧ್ಯಾಹ್ನದ ಹೊತ್ತಿಗೆ ಕಣ್ಣಿಗೆ ಕೈ ಕಾಣದಷ್ಟು ಮಂಜು ಕವಿಯಿತು. ಮನೆಯವರೆಲ್ಲ ದ್ವೀಪದ ಮೂಲೆಯ ಬಂಡೆಯ ಮೇಲೆ ಪಿಕ್ನಿಕ್ಕಿಗೆ ಹೋಗಿದ್ದರು. ಪಿಕ್ನಿಕ್ ಎಂದು ಗೊತ್ತು ಮಾಡಿದ ದಿನ ಪ್ರಳಯವಾದರೂ ಪೆವರ್ಲಿಗಳು ಹೋಗುತ್ತಾರೆ. ಮಂಜಿನಲ್ಲಿ ಸಾಲಾಗಿ ಕೂತು, ಪಕ್ಕದಲ್ಲಿ ಯಾರಿದ್ದಾರೆಂದು ತಿಳಿಯದೆ ರೊಟ್ಟಿಯನ್ನು ಕೈಯಿಂದ ಕೈಗೆ ದಾಟಿಸುತ್ತಿದ್ದರು. ದೋಣಿ ಆ ಬಂಡೆಯ ಪಕ್ಕದಲ್ಲೇ ಹಾಯಬೇಕು. ಲೆಮ್ಯುಯೆಲ್ ಹಾಸಿಗೆಯ ಅಡಿಯಲ್ಲಿ ತೂರಿಕೊಂಡ.

"ಯಾರದು ದೋಣಿ?" ಮಂಜಿನೊಳಗಿಂದ ಮೆಹಿಟಬೆಲ್ ಅತ್ತೆಯ ದನಿ ಬಂತು.

"ನಾನು, ಏಸಾ."

"ಏನು ತುಂಬ್ಕೊಂಡು ಹೋಗ್ತಿದೀಯ?"

ಏಸಾ ಯೋಚಿಸಿದ. "ಈ ಮಂಜಲ್ಲಿ ನನಗೂ ಕಾಣ್ತಾ ಇಲ್ಲ," ಎಂದು ನಿಜವನ್ನೇ ಹೇಳಿ ದೋಣಿ ಮುಂದೆ ಬಿಟ್ಟ.

ಸೊಂಟನೋವೆಂದು ಪಿಕ್ನಿಕ್ ತಪ್ಪಿಸಿಕೊಂಡಿದ್ದ ಆಗಸ್ಟಾ ಹಿಂಬಾಗಿಲಲ್ಲಿ ನಿಂತಿದ್ದಳು. ಮಂಜಿನೊಳಗಿಂದ ಒಂದು ಹಾಸಿಗೆ, ಅದರ ಕೆಳಗೆ ಗಂಡನ ಕಾಲುಗಳು, ಹಿಂದುಗಡೆ ಏಸಾನ ಟೋಪಿ ಬರುವುದನ್ನು ಕಂಡು ಅವಳ ಬಾಯಿ ತೆರೆದದ್ದು ತೆರೆದಂತೆಯೇ ಇತ್ತು.

"ಲೆಮ್! ಕೊಂಡ್ಕೊಂಡೆಯಾ? ನೀನು?"

"ಶ್! ಗಟ್ಟಿಯಾಗಿ ಹೇಳಬೇಡ."

ಹಳೆಯ ಹಾಸಿಗೆಯನ್ನು ಏಸಾನ ಕೈಲಿ ದೋಣಿಮನೆಗೆ ಸಾಗಿಸಿ, ಮಗುಚಿಟ್ಟ ದೋಣಿಯ ಅಡಿಗೆ ತಳ್ಳಿಸಿದ್ದಾಯಿತು. ಆಮೇಲೆ ಇಬ್ಬರೂ ಬಾಗಿಲು ಹಾಕಿಕೊಂಡು ಹೊಸ ಹಾಸಿಗೆಗೆ ವಯಸ್ಸು ತರಿಸುವ ಕೆಲಸಕ್ಕೆ ಇಳಿದರು. ಕಡುಗಪ್ಪು ಚಹಾ ಕಾಯಿಸಿ ಅಂಗಾಂಗಕ್ಕೆಲ್ಲ ಬಳಿದರು. ಲೆಮ್ಯುಯೆಲ್ ಬೂಟುಗಾಲಿನಲ್ಲಿ ಅದರ ಮೇಲೆ ಪಥಸಂಚಲನ ಮಾಡಿದ. ಆಗಸ್ಟಾ ಕತ್ತರಿಯಿಂದ ಒಂದು ಮೂಲೆ ಹರಿದು, ಅಜ್ಜನ ಪ್ಯಾಂಟಿನ ಚೂರೊಂದನ್ನು ತೇಪೆ ಹಾಕಿದಳು. ಸಮುದ್ರದ ಮರಳು ಉಜ್ಜಿದರು, ಬೂದಿ ಎರಚಿದರು. ಉಜ್ಜುತ್ತ ಉಜ್ಜುತ್ತ ಆಗಸ್ಟಾ ಫಿನಿಯಾಸನಂತೆ ಕೆಮ್ಮಿದಳು, ಲೆಮ್ಯುಯೆಲ್ ನಕ್ಕು ನಕ್ಕು ಚಹಾದ ಪಾತ್ರೆಯನ್ನು ಮೈಮೇಲೆ ಕೆಡವಿಕೊಂಡ. ಮದುವೆಯಾದ ಹೊಸದರಲ್ಲೂ ಅವರು ಇಷ್ಟು ಖುಷಿಯಾಗಿದ್ದ ನೆನಪು ಅವನಿಗಿರಲಿಲ್ಲ.

ಅಲ್ಲಿಗೆ ನಿಲ್ಲಿಸಬೇಕಿತ್ತು. ಆದರೆ ಬ್ಯಾಂಕಿನವನ ಬುದ್ಧಿ ನೋಡಿ, ಎಲ್ಲದಕ್ಕೂ ಒಂದು ಮುದ್ರೆ ಬೀಳಬೇಕು. ಲೆಮ್ಯುಯೆಲ್ ಶಾಯಿ ತಂದು, ಹಾಸಿಗೆಯ ಅಂಚಿನಲ್ಲಿ ಜೊಸಾಯ ಪೆವರ್ಲಿಯ ಹೆಸರಿನ ಎರಡು ಅಕ್ಷರಗಳನ್ನು ಹಳೆಯ ಕಾಲದ ಬಳುಕಿನಲ್ಲಿ ಬರೆದ. ಆ ಮನೆಯ ಟವೆಲು, ಚಾದರ, ಕಡೆಗೆ ಒರಸುವ ಬಟ್ಟೆಯ ಮೇಲೂ ಆ ಗುರುತಿತ್ತು.

"ಅತಿಯಾಯ್ತು ಲೆಮ್," ಎಂದಳು ಆಗಸ್ಟಾ.

"ಗುರುತಿಲ್ಲದ ವಸ್ತು ಈ ಮನೇಲಿ ಇಲ್ಲ ಕಣೇ. ಈಗ ಯಾರೂ ಕೇಳಂಗಿಲ್ಲ," ಎಂದು ಅವನು ಶಾಯಿ ಆರಲು ಊದಿದ.

ಅವತ್ತು ಅವರು ಹೇಗೆ ಮಲಗಿದರೆಂದರೆ, ಬೆಳಗಿನ ತಿಂಡಿಯ ಗಂಟೆ ಬಾರಿಸಿದ್ದು ಇಬ್ಬರಿಗೂ ಕೇಳಲಿಲ್ಲ. ಪೆವರ್ಲಿ ಮನೆಯಲ್ಲಿ ತಿಂಡಿಗೆ ಬಾರದೆ ಇರುವುದಕ್ಕೆ ಒಪ್ಪುವ ಕಾರಣ ಸಾವೊಂದೇ. ಹಾಗಾಗಿ ಸತ್ತವರನ್ನು ನೋಡಲು ಮೆಹಿಟಬೆಲ್ ಕೋಲೂರಿಕೊಂಡು ಮಹಡಿ ಹತ್ತಿದಳು. ಹಿಂದೆ ಕೆಮ್ಮುತ್ತ ಫಿನಿಯಾಸ್. ಬಾಗಿಲು ತೆರೆದರೆ, ಇಬ್ಬರೂ ಬೇರೆ ಬೇರೆ ಅಂಚಿನಲ್ಲಿ, ಉರುಳದೆ, ಗೊರಕೆ ಹೊಡೆಯುತ್ತಿದ್ದಾರೆ.

ಕೋಲಿನ ತುದಿ ತಿವಿದಾಗ ಲೆಮ್ಯುಯೆಲ್ ಎದ್ದು ಕೂತ. ಕುಂಬಳಕಾಯಿ ಕಳ್ಳನ ಹಾಗೆ ಅವನ ಕೈ ತಾನಾಗಿಯೇ ಹಾಸಿಗೆಯ ಅಂಚನ್ನು ಮುಚ್ಚಲು ಹೋಯಿತು. ಮುದುಕಿ ಆ ಕೈಯನ್ನು ಕೋಲಿನಿಂದ ಸರಿಸಿ ಬಗ್ಗಿ ನೋಡಿದಳು.

"ಅಪ್ಪನ ಗುರುತು," ಎಂದಳು. ಅವಳ ದನಿ ಬದಲಾಗಿತ್ತು. "ಫಿನಿಯಾಸ್, ಬಾ ಇಲ್ಲಿ. ಇದು ಅಪ್ಪನ ಸ್ವಂತ ಹಾಸಿಗೆ ಕಣೋ."

"ಹೌದತ್ತೆ," ಎಂದು ಫಿನಿಯಾಸ್ ಕೆಮ್ಮಿದ. ಅತ್ತೆ ಹೇಳಿದ್ದನ್ನು ಅವನು ಅಲ್ಲವೆಂದ ದಾಖಲೆಯಿಲ್ಲ.

"ಏಳ್ರೋ ಇಬ್ರೂ." ಅವರು ಎದ್ದರು. ಮುದುಕಿ ಅಂಚಿನಲ್ಲಿ ಕೂತಳು. ಕೂತವಳು ಒರಗಿದಳು. ಒರಗಿದವಳು ಕಣ್ಣು ಮುಚ್ಚಿದಳು. ಆಮೇಲೆ ಮಿಸುಕಲಿಲ್ಲ. ಬಹಳ ಹೊತ್ತು ಕಾದು ಫಿನಿಯಾಸ್ ಟೋಪಿ ತೆಗೆದು ಎದೆಗಿಟ್ಟುಕೊಂಡ, ಅವನ ಮುಖದಲ್ಲಿ ದುಃಖವೂ ಬ್ಯಾಂಕಿನ ಅರ್ಧ ಪಾಲೂ ಒಟ್ಟಿಗೆ ಮೂಡಿದವು. ಅಷ್ಟರಲ್ಲಿ ಮುದುಕಿ ಗೊರಕೆ ಹೊಡೆದಳು. ಟೋಪಿ ಮತ್ತೆ ತಲೆಗೇರಿತು.

ಮಧ್ಯಾಹ್ನ ಎಚ್ಚರವಾದಾಗ ಅವಳ ಕೆನ್ನೆಯಲ್ಲಿ ಯಾರೂ ಎಂದೂ ಕಾಣದಿದ್ದ ಬಣ್ಣವಿತ್ತು. "ಈಗಿನವರಿಗೆ ಇಂಥದ್ದು ಮಾಡೋಕೆ ಬರುತ್ತಾ?" ಎಂದಳು ಹಾಸಿಗೆ ಸವರುತ್ತ. "ಆಗಿನ ಕುದುರೆ ಕೂದಲೇ ಬೇರೆ, ಕಣ್ರೋ. ಲೆಮ್ಯುಯೆಲ್, ನಾಚಿಕೆ ಆಗಲ್ವಾ ನಿನಗೆ? ಹಿರೀ ಮಗಳು ನಾನು ಇನ್ನೂ ಬದುಕಿದೀನಿ. ಮೂವತ್ತು ವರ್ಷದಿಂದ ಅಪ್ಪನ ಹಾಸಿಗೇನ ನೀವಿಬ್ರು ಗುಟ್ಟಾಗಿ ಅನುಭವಿಸ್ತಾ ಇದ್ರಾ? ಇದನ್ನ ನನ್ನ ಕೋಣೆಗೆ ಸಾಗಿಸಿ. ನನ್ನದನ್ನ ಇವರಿಗೆ ಹಾಕಿ."

ತಾನು ತೋಡಿದ ಗುಂಡಿಗೆ ತಾನೇ ಬೀಳುವುದೆಂದರೆ ಇದೇ. ಲೆಮ್ಯುಯೆಲನ ಗಂಟಲಿಗೆ ಬಿಸಿ ತುಪ್ಪ ಬಿದ್ದ ಹಾಗಾಯಿತು. ಹೊಸದೆಂದರೆ ಕೊಂಡ ಕಳಂಕ, ಹಳೆಯದೆಂದರೆ ಅತ್ತೆಯ ಪಾಲು. ಆಗಸ್ಟಾ ಅವನನ್ನೇ ನೋಡುತ್ತಿದ್ದಳು. ಈಗ ಹೇಳುತ್ತಾನೆ, ಈಗ ಹೇಳುತ್ತಾನೆ ಎಂದು ಕಾದು, ಕೊನೆಗೆ ಕಿಟಕಿಯ ಕಡೆ ತಿರುಗಿದಳು. ಅವನು ಹಾಸಿಗೆಯ ಒಂದು ತುದಿ ಹಿಡಿದು ಅತ್ತೆಯ ಕೋಣೆಗೆ ಸಾಗಿಸಿದ.

ಅತ್ತೆಯ ಹಾಸಿಗೆಯೊಳಗೆ ಮೆಕ್ಕೆಜೋಳದ ತೆನೆಯ ಸಿಪ್ಪೆ ತುಂಬಿತ್ತು. ಮಗ್ಗುಲಾದರೆ ಹೊಲಕ್ಕೆ ಹಸು ನುಗ್ಗಿದ ಸದ್ದು. ಶುಕ್ರವಾರ ಆಗಸ್ಟಾ ಚೀಲ ಕಟ್ಟಿದಳು. ಅವಳಿಗೆ ಸಿಟ್ಟಿದ್ದದ್ದು ಹಾಸಿಗೆ ಹೋದದ್ದಕ್ಕಲ್ಲ.

ಶನಿವಾರ ಬೆಳಗ್ಗೆ ತಿಂಡಿಯ ಮೇಜಿನ ಸುತ್ತ ಎಲ್ಲರೂ ಗಂಜಿಯ ಮುಂದೆ ಕೂತಿದ್ದರು. ಆಗಸ್ಟಾಳ ಕುರ್ಚಿ ಖಾಲಿ. ಮಹಡಿಯಲ್ಲಿ ಅವಳ ಹೆಜ್ಜೆ ಸದ್ದು ಕೇಳುತ್ತಿತ್ತು. ಕಿಟಕಿಯಾಚೆ, ದೂರದಲ್ಲಿ, ಟಪಾಲು ದೋಣಿಯ ಹೊಗೆ ಕಾಣಿಸಿತು. ಲೆಮ್ಯುಯೆಲನಿಗೆ ಆ ಹೊಗೆ ಕಂಡೊಡನೆ ಕಾಲು ತಾನಾಗಿಯೇ ಎದ್ದು ನಿಂತಿತು. ಗಂಜಿಯ ಚಮಚ ಕೈಯಲ್ಲೇ ಇತ್ತು.

"ಅದನ್ನ ನಾನು ಕೊಂಡ್ಕೊಂಡೆ," ಎಂದ.

"ಯಾವುದನ್ನ?" ಎಂದಳು ಮೆಹಿಟಬೆಲ್. ಎರಡು ರಾತ್ರಿಯ ನಿದ್ದೆಯಿಂದ ಅವಳು ಹತ್ತು ವರ್ಷ ಚಿಕ್ಕವಳಾಗಿ ಕಾಣುತ್ತಿದ್ದಳು.

"ಹಾಸಿಗೇನ. ಅಂಗಡೀಲಿ. ಹೊಸದು. ಚೌಕಾಸಿ ಕೂಡ ಮಾಡಲಿಲ್ಲ."

ಫಿನಿಯಾಸನಿಗೆ ಕೆಮ್ಮು ನಿಂತುಹೋಯಿತು. ಇಪ್ಪತ್ತು ವರ್ಷದಲ್ಲಿ ಮೊದಲ ಸಲ.

ಮುದುಕಿ ನಿಧಾನವಾಗಿ ಗಂಜಿ ನುಂಗಿದಳು. "ಇವನಿಗೆ ಹಲ್ಲಿನ ವಿಷ ತಲೆಗೇರಿದೆ."

"ಹಲ್ಲು ಕೀಳಿಸಲೇ ಇಲ್ಲ ಅತ್ತೆ! ನೋಡಿ, ಎಲ್ಲಾ ಇದೆ!" ಲೆಮ್ಯುಯೆಲ್ ಬಾಯಿ ಅಗಲಿಸಿ ತೋರಿಸಿದ. "ಅದಕ್ಕೆ ಚಹಾ ಬಳಿದೋನು ನಾನು. ಬೇಕಾದ್ರೆ ಮೂಸಿ ನೋಡಿ."

"ನಮ್ಮಪ್ಪ ಹಾಸಿಗೇಲೇ ಚಹಾ ಕುಡೀತಿದ್ದ."

"ಆ ಗುರುತು ನನ್ನ ಕೈಬರಹ!"

"ನಿನ್ನ ಬರಹ ಕೋಳಿ ಕೆದರಿದಂಗಿರುತ್ತೆ. ಅದು ಅಪ್ಪನದೇ."

"ಒಳಗೆ ಸ್ಪ್ರಿಂಗ್ ಇದೆ ಅತ್ತೆ! ಒತ್ತಿದ್ರೆ ಮೇಲೆ ಬರುತ್ತೆ! ಕುದುರೆ ಕೂದಲು ಹಾಗೆ ಬರುತ್ತಾ?"

"ಒಳ್ಳೇ ಕುದುರೆಯದಾದ್ರೆ ಬರುತ್ತೆ."

"ನನಗೆ ದಡಾರ ಬಂದಾಗ ಅದರ ಮೇಲೇ ಮಲಗಿಸಿದ್ರು," ಎಂದು ಫಿನಿಯಾಸ್ ನಡುವೆ ಬಾಯಿ ಹಾಕಿದ. "ಚೆನ್ನಾಗಿ ನೆನಪಿದೆ. ಅದೇ ತೇಪೆ."

ಲೆಮ್ಯುಯೆಲ್ ಸುತ್ತ ನೋಡಿದ. ಸುಳ್ಳು ಹೇಳಿದರೆ ನಂಬುವ ಜನವನ್ನು ಅವನು ದಿನಾ ಕಂಡಿದ್ದ. ನಿಜ ಹೇಳಿದರೆ ಒಟ್ಟಾಗಿ ನಂಬಲೊಲ್ಲದ ಜನ ಇವರೇ. ಅತ್ತೆಗೆ ತಿಳಿದಿಲ್ಲವೆಂದಲ್ಲ. ಆ ಪುಟ್ಟ ಕಣ್ಣುಗಳಲ್ಲಿ ಎಲ್ಲ ತಿಳಿದಿತ್ತು. ಹಾಸಿಗೆ ಹೊಸದೆಂದು ಒಪ್ಪಿದರೆ ಅದರ ಮೇಲೆ ಮಲಗುವಂತಿಲ್ಲ, ಮಲಗದೆ ಇರಲು ಅವಳಿಗಿನ್ನು ಸಾಧ್ಯವಿಲ್ಲ.

ಲೆಮ್ಯುಯೆಲ್ ಚಮಚವನ್ನು ಮೇಜಿನ ಮೇಲಿಟ್ಟ. "ಹಳೇದೋ ಹೊಸದೋ, ನನಗದು ಬೇಕು ಅತ್ತೆ," ಎಂದ. ದನಿ ಒಡೆಯಿತು. "ಆಗಸ್ಟಾ ಆ ದೋಣೀಲಿ ಹೊರಟಿದಾಳೆ. ಇನ್ನು ಬರಲ್ಲ. ವರ್ಷಕ್ಕೆ ಒಂದು ತಿಂಗಳು ಅವಳು ನನಗೆ ಸಿಗ್ತಾಳೆ. ಅದೂ ಹೋದ್ರೆ ನನಗೆ ಈ ದ್ವೀಪ ಬೇಡ, ಬ್ಯಾಂಕೂ ಬೇಡ. ಅರ್ಧ ಪಾಲು ಫಿನಿಯಾಸಿಗೇ ಬರಕೊಡಿ. ನನಗೆ ನನ್ನ ಹೆಂಡತಿ ಬೇಕು."

ಗಂಜಿಯ ಮುಂದೆ ಕೂತು ಹೀಗೆ ಮನಸ್ಸು ಬಿಚ್ಚುವುದನ್ನು ಪೆವರ್ಲಿಗಳು ಅಂಗಡಿಗೆ ಹೋಗುವುದಕ್ಕಿಂತ ಕೀಳೆಂದು ತಿಳಿದವರು. ಫಿನಿಯಾಸ್ ನಾಚಿ ಬಟ್ಟಲಿನೊಳಗೆ ನೋಡತೊಡಗಿದ.

ಮೆಟ್ಟಿಲ ಕಡೆ ಸದ್ದಾಯಿತು. ಚೀಲ ಹಿಡಿದು ಆಗಸ್ಟಾ ನಿಂತಿದ್ದಳು. ಯಾವಾಗಿನಿಂದ ನಿಂತಿದ್ದಳೋ, ಅವಳ ಕಣ್ಣು ಕೆಂಪಾಗಿತ್ತು. ಮೂವತ್ತು ವರ್ಷದಲ್ಲಿ ಗಂಡ ಅತ್ತೆಯ ಮುಂದೆ 'ಬೇಕು' ಎಂದದ್ದನ್ನು ಅವಳು ಕೇಳಿದ್ದು ಇದೇ ಮೊದಲು. ಚೀಲವನ್ನು ಬಾಗಿಲ ಬಳಿ ಇಟ್ಟು, ಸೊಂಟ ಹಿಡಿದುಕೊಂಡು, ಮೇಜಿನ ಹತ್ತಿರ ಬಂದಳು.

"ಅತ್ತೆ, ಲೆಮ್ ಮಾತಿಗೆ ಗಮನ ಕೊಡಬೇಡಿ," ಎಂದಳು. "ಅದು ಅಜ್ಜನ ಹಾಸಿಗೇನೇ. ನಾನೇ ಸಾಕ್ಷಿ."

ಲೆಮ್ಯುಯೆಲ್ ಬೆಪ್ಪಾಗಿ ಅವಳನ್ನು ನೋಡಿದ. "ಆಗಸ್ಟಾ, ಅದನ್ನ ನಾವಿಬ್ರೂ ಸೇರಿ..."

"ನೀನು ಸುಮ್ನಿರು. ಅತ್ತೆ, ಅಜ್ಜ ಅಂಥದ್ದನ್ನ ಎರಡು ಮಾಡಿಸಿದ್ರಂತಲ್ಲ? ಎರಡನೇದು ದಡದ ಊರಲ್ಲಿ, ಏಸಾ ಮನೆ ಅಟ್ಟದ ಮೇಲೆ ಇದೆಯಂತೆ. ಆ ಕಾಲದಿಂದ ಹಾಗೇ ಬಿದ್ದಿದೆಯಂತೆ. ನಿಮಗೆ ನೆನಪಿರಬೇಕಲ್ಲ. ಎಲ್ಲಾ ನೆನಪಿರೋದು ನಿಮಗೊಬ್ಬರಿಗೇ."

ಮೆಹಿಟಬೆಲ್ ಚಮಚ ಕೆಳಗಿಟ್ಟಳು. ಆಗಸ್ಟಾಳನ್ನು ಕಾಲಿನಿಂದ ತಲೆಯ ತನಕ ನೋಡಿದಳು, ಮೊದಲ ಸಲ ನೋಡುವವರ ಹಾಗೆ. ಆಗಸ್ಟಾ ಕಣ್ಣು ತಗ್ಗಿಸಲಿಲ್ಲ. ದೋಣಿಗಟ್ಟೆಯ ಬಳಿ ಟಪಾಲು ದೋಣಿ ಕೂಗಿತು.

"ಎರಡಲ್ಲ," ಎಂದಳು ಮುದುಕಿ. "ಆರು."

"ಆರಾ?" ಎಂದ ಫಿನಿಯಾಸ್. ಅವನ ಬೆನ್ನೂ ಅಷ್ಟೇನೂ ಚೆನ್ನಾಗಿರಲಿಲ್ಲ. "ಹೌದು ಹೌದು, ಆರು. ನನಗೂ ನೆನಪಿದೆ."

"ಅಪ್ಪ ಆರು ಮಾಡಿಸಿದ್ದ. ಏಸಾಗೆ ಹೇಳಿ ಎಲ್ಲಾ ತರಿಸು," ಎಂದು ಮೆಹಿಟಬೆಲ್ ಆಗಸ್ಟಾಳಿಗೆ ಹೇಳಿದಳು. "ಗುರುತು ಹಾಕಿದೆಯಾ ನೋಡ್ಕೊಂಡು ತರಿಸು. ಶಾಯಿ ಚೆನ್ನಾಗಿ ಆರಿರಲಿ."

"ಹಾಗೇ ಆಗಲಿ ಅತ್ತೆ. ಅಜ್ಜ ಬಿಸಿನೀರಿನ ಹಂಡೆ ಒಂದೂ ಮಾಡಿಸಿದ್ರು ಅಂತ..."

"ನಮ್ಮಪ್ಪ ಬಿಸಿನೀರು ಮುಟ್ಟಿದವನಲ್ಲ. ಆಸೆಬುರುಕಿ ಆಗಬೇಡ." ಮುದುಕಿ ಮತ್ತೆ ಚಮಚ ಹಿಡಿದಳು. "ಕೂತ್ಕೋ. ಈ ಮನೇಗೆ ತಕ್ಕ ಹೆಣ್ಣಾಗೋಕೆ ಮೂವತ್ತು ವರ್ಷ ಬೇಕಾಯ್ತು ನಿನಗೆ. ಗಂಜಿ ಆರ್ತಾ ಇದೆ."

ಆಗಸ್ಟಾ ತನ್ನ ಕುರ್ಚಿಯಲ್ಲಿ ಕೂತಳು. ಫಿನಿಯಾಸ್ ಕೆಮ್ಮತೊಡಗಿದ. ಲೆಮ್ಯುಯೆಲ್ ಮಾತ್ರ ಇನ್ನೂ ನಿಂತೇ ಇದ್ದ. ಇಷ್ಟು ದೊಡ್ಡ ನಿಜವನ್ನು ಅವನು ಜೀವಮಾನದಲ್ಲಿ ಹೇಳಿರಲಿಲ್ಲ, ಅದು ಯಾರಿಗೂ ಬೇಡದೆ ಹೋಯಿತಲ್ಲ ಎಂಬ ಸಂಕಟ ಅವನ ಮುಖದ ಮೇಲಿತ್ತು.

"ಆದರೆ ನಿಜವಾಗ್ಲೂ ನಾನೇ ಕೊಂಡ್ಕೊಂಡು ಬಂದೆ," ಎಂದ ಸಣ್ಣ ದನಿಯಲ್ಲಿ.

"ಗೊತ್ತು ಕಣೋ," ಎಂದು ಆಗಸ್ಟಾ ಅವನ ಕೋಟಿನ ತುದಿ ಹಿಡಿದು ಎಳೆದು ಕೂರಿಸಿದಳು. "ನನಗೆ ಗೊತ್ತಿದ್ರೆ ಸಾಲದಾ? ಬಾಯಿ ಮುಚ್ಕೊಂಡು ಗಂಜಿ ಕುಡಿ."

ಟಪಾಲು ದೋಣಿ ಇನ್ನೊಮ್ಮೆ ಕೂಗಿ, ಸ್ವಲ್ಪ ಹೊತ್ತು ಕಾದು, ಟಪಾಲನ್ನಷ್ಟೇ ತೆಗೆದುಕೊಂಡು ಹೊರಟುಹೋಯಿತು.